ಯಾರ ಮಗನಿಗಾಗಿ ಮಾತುಕತೆ?

2015ರ ಜುಲೈ ಕೊನೆಯಲ್ಲಿ ಲಿಬಿಯಾದ ಸಿರ್ತ್ ವಿಶ್ವವಿದ್ಯಾಲಯದ ನಾಲ್ವರು ಭಾರತೀಯ ಅಧ್ಯಾಪಕರು ಊರಿಗೆ ಮರಳಲೆಂದು ಹೊರಟಿದ್ದರು. ಸಿರ್ತ್ ಆಗ ಐಸಿಸ್ ಹಿಡಿತದಲ್ಲಿತ್ತು. ದಾರಿಯ ಚೆಕ್‌ಪೋಸ್ಟ್ ಒಂದರಲ್ಲಿ ಬಂದೂಕುಧಾರಿಗಳು ನಾಲ್ವರನ್ನೂ ಹಿಡಿದುಕೊಂಡು ಹೋದರು. ಅವರಲ್ಲಿ ಇಬ್ಬರು ಕರ್ನಾಟಕದವರು. ಎರಡೇ ದಿನಗಳಲ್ಲಿ ಅವರ ಬಿಡುಗಡೆಯಾಯಿತು, ರಾಯಚೂರಿನಲ್ಲೂ ಬೆಂಗಳೂರಿನಲ್ಲೂ ಮನೆಮಂದಿ ನಿರಾಳವಾಗಿ ಉಸಿರಾಡಿದರು. ಉಳಿದಿಬ್ಬರು ತೆಲುಗು ನಾಡಿನವರು. ಅವರು ಹೊರಬಂದದ್ದು 2016ರ ಸೆಪ್ಟೆಂಬರ್‌ನಲ್ಲಿ, ಒಂದು ವರ್ಷಕ್ಕೂ ಹೆಚ್ಚು ಕಾಲದ ಸೆರೆಯ ನಂತರ. ಒಂದೇ ದಾರಿ, ಒಂದೇ ವೃತ್ತಿ, ಹಿಡಿದವರೂ ಅವರೇ. ಆ ಒಂದು ವರ್ಷ ಕರ್ನಾಟಕದಲ್ಲಿದ್ದ ನಾವೆಷ್ಟು ಜನ ಉಳಿದಿಬ್ಬರ ಬಗ್ಗೆ ಯೋಚಿಸಿದೆವು?

ಒತ್ತೆಯಾಳುಗಳ ವಿಷಯ ಬಂದಾಗಲೆಲ್ಲ ನಾವು ಒಂದೇ ಚರ್ಚೆಗೆ ಜೋತುಬೀಳುತ್ತೇವೆ. ಬಂದೂಕು ಹಿಡಿದವರ ಜೊತೆ ಮಾತಾಡಬೇಕೋ ಬೇಡವೋ, ಮಣಿಯಬೇಕೋ ಜಗ್ಗದೆ ನಿಲ್ಲಬೇಕೋ ಎಂಬ ಚರ್ಚೆ. ಎರಡನೇ ಮಹಾಯುದ್ಧದಿಂದ ಈಚಿನ ಪ್ರಕರಣಗಳನ್ನು ಒಟ್ಟಿಗಿಟ್ಟು ನೋಡಿದರೆ ಈ ಚರ್ಚೆ ವಿಷಯದ ಅರ್ಧವನ್ನಷ್ಟೇ ಮುಟ್ಟುತ್ತದೆ ಎಂದು ನನಗನ್ನಿಸುತ್ತದೆ. ಮಾತಾಡುವುದಿಲ್ಲ ಎಂದು ಘೋಷಿಸಿದ ಸರ್ಕಾರಗಳೂ ಒಂದಲ್ಲ ಒಂದು ದಿನ ಮಾತಾಡಿವೆ. ಯಾರಿಗಾಗಿ ಮಾತಾಡಿದವು, ಯಾರ ವಿಷಯದಲ್ಲಿ ಸುಮ್ಮನಿದ್ದವು ಎಂಬುದು ನಾವು ಕೇಳದೆ ಬಿಟ್ಟ ಪ್ರಶ್ನೆ.

ಯುದ್ಧದಲ್ಲಿ ಸೆರೆಸಿಕ್ಕವರೆಲ್ಲ ಒತ್ತೆಯಾಳುಗಳಲ್ಲ. ಸೈನಿಕನೊಬ್ಬ ಶತ್ರು ದೇಶದ ಸೈನ್ಯದ ಕೈಗೆ ಸಿಕ್ಕರೆ ಅವನು ಯುದ್ಧಕೈದಿ. 1949ರ ಮೂರನೇ ಜಿನೀವಾ ಒಪ್ಪಂದದಂತೆ ಅವನಿಗೆ ಊಟ, ಔಷಧ, ಮನೆಗೆ ಕಾಗದ ಬರೆಯುವ ಅವಕಾಶ, ರೆಡ್‌ಕ್ರಾಸ್ ಪ್ರತಿನಿಧಿಗಳ ಭೇಟಿ ಎಲ್ಲವೂ ಸಿಗಬೇಕು. ಕಾದಾಟ ನಿಂತ ಮೇಲೆ ತಡಮಾಡದೆ ಅವನನ್ನು ಊರಿಗೆ ಕಳಿಸಬೇಕು. ಕೇಳಿದ್ದು ಕೊಡದಿದ್ದರೆ ಇವನನ್ನು ಕೊಲ್ಲುತ್ತೇವೆ, ಇಲ್ಲವೇ ಬಿಡುವುದಿಲ್ಲ ಎಂದು ಮೂರನೆಯವರ ಮೇಲೆ ಒತ್ತಡ ಹೇರಿದ ಕ್ಷಣ ಸೆರೆಯಾಳು ಒತ್ತೆಯಾಳಾಗುತ್ತಾನೆ. ಅದನ್ನು ಜಿನೀವಾ ಒಪ್ಪಂದಗಳು ಪೂರ್ತಿಯಾಗಿ ನಿಷೇಧಿಸಿವೆ. ದೇಶದೊಳಗಿನ ಸಂಘರ್ಷಗಳಿಗೂ ಈ ನಿಷೇಧ ಅನ್ವಯಿಸುತ್ತದೆ. ಶಸ್ತ್ರ ಕೆಳಗಿಟ್ಟ ಸೈನಿಕನಿಗೂ ಅದರ ರಕ್ಷಣೆ ಉಂಟು.

ಈ ನಿಷೇಧ ಬಂದದ್ದು ತೀರಾ ಈಚೆಗೆ. 1941ರಲ್ಲಿ ಯುಗೊಸ್ಲಾವಿಯಾವನ್ನು ಆಕ್ರಮಿಸಿದ್ದ ಜರ್ಮನ್ ಸೈನ್ಯ, ತನ್ನ ಒಬ್ಬ ಸೈನಿಕ ಸತ್ತರೆ ನೂರು ಸ್ಥಳೀಯರನ್ನು ಕೊಲ್ಲಬೇಕೆಂದು ಆಜ್ಞೆ ಹೊರಡಿಸಿತ್ತು. ಆ ಅಕ್ಟೋಬರ್‌ನಲ್ಲಿ ಸರ್ಬಿಯಾದ ಕ್ರಾಗುಯೆವಾಟ್ಸ್ ಊರಿನಲ್ಲಿ ಎರಡು ಸಾವಿರಕ್ಕೂ ಹೆಚ್ಚು ಗಂಡಸರನ್ನೂ ಹುಡುಗರನ್ನೂ ಸಾಲಾಗಿ ನಿಲ್ಲಿಸಿ ಗುಂಡಿಕ್ಕಿದರು. ಶಾಲೆಯಿಂದ ಎಬ್ಬಿಸಿಕೊಂಡು ಬಂದ ಮಕ್ಕಳೂ ಅವರಲ್ಲಿದ್ದರು. ಯುದ್ಧ ಮುಗಿದ ಮೇಲೆ ಆ ಸೇನಾಧಿಕಾರಿಗಳ ವಿಚಾರಣೆ ನ್ಯೂರೆಂಬರ್ಗ್‌ನಲ್ಲಿ ನಡೆದು, ಹಲವರಿಗೆ ಶಿಕ್ಷೆಯೂ ಆಯಿತು. ಆದರೆ 1948ರ ಆ ತೀರ್ಪು, ತೀರಾ ಅನಿವಾರ್ಯ ಸಂದರ್ಭದಲ್ಲಿ ಕೊನೆಯ ಉಪಾಯವಾಗಿ ಒತ್ತೆಯಾಳುಗಳನ್ನು ಕೊಲ್ಲುವುದಕ್ಕೆ ಆಗಿನ ಕಾನೂನಿನಲ್ಲಿ ಅವಕಾಶವಿದೆ ಎಂದೂ ಹೇಳಿತು! ಮರುವರ್ಷ ಜಿನೀವಾದಲ್ಲಿ ಸೇರಿದ ದೇಶಗಳು ಆ ಕಿಂಡಿಯನ್ನು ಮುಚ್ಚಿದವು. 1979ರಲ್ಲಿ ವಿಶ್ವಸಂಸ್ಥೆ ಇದಕ್ಕೇ ಪ್ರತ್ಯೇಕ ಒಪ್ಪಂದವೊಂದನ್ನು ತಂದಿತು. ಭಾರತ ಅದಕ್ಕೆ ಸೇರಿದ್ದು 1994ರಲ್ಲಿ.

ಈ ಕಾನೂನುಗಳಿಗೂ ಬಹಳ ಹಿಂದಿನ ಕಾಲದಲ್ಲಿ ಒತ್ತೆ ಇಡುವುದು ರಾಜರಾಜರ ನಡುವಿನ ಒಪ್ಪಿತ ಪದ್ಧತಿಯಾಗಿತ್ತು. 1792ರ ಶ್ರೀರಂಗಪಟ್ಟಣ ಒಪ್ಪಂದದಲ್ಲಿ ಟಿಪ್ಪು ಸುಲ್ತಾನ್ ಅರ್ಧ ರಾಜ್ಯವನ್ನೂ 3 ಕೋಟಿ 30 ಲಕ್ಷ ರೂಪಾಯಿಯನ್ನೂ ಕೊಡಲು ಒಪ್ಪಬೇಕಾಯಿತು. ಹಣ ಸಲ್ಲುವವರೆಗೆ ಭದ್ರತೆಯಾಗಿ ಸುಮಾರು ಹತ್ತು ಮತ್ತು ಎಂಟು ವರ್ಷದ ಇಬ್ಬರು ಮಕ್ಕಳನ್ನು ಬ್ರಿಟಿಷ್ ಗವರ್ನರ್ ಜನರಲ್ ಕಾರ್ನ್‌ವಾಲಿಸನ ಕೈಗೆ ಒಪ್ಪಿಸಿದ. ಆನೆಯ ಮೇಲೆ ಕೂರಿಸಿ, ತೋಪು ಹಾರಿಸಿ ಮಕ್ಕಳನ್ನು ಬರಮಾಡಿಕೊಂಡರು. ಕಾರ್ನ್‌ವಾಲಿಸ್ ತಂದೆಯಂತೆ ಕೈಹಿಡಿದು ನಿಂತ ಆ ದೃಶ್ಯವನ್ನು ಬ್ರಿಟಿಷ್ ಕಲಾವಿದರು ಮತ್ತೆಮತ್ತೆ ಚಿತ್ರಿಸಿದರು. ಮಕ್ಕಳನ್ನು ಮದರಾಸಿಗೆ ಒಯ್ದು 1794ರಲ್ಲಿ ದೇವನಹಳ್ಳಿಯಲ್ಲಿ ತಂದೆಗೆ ಮರಳಿಸಿದರು. ಅದೇ ಶ್ರೀರಂಗಪಟ್ಟಣದ ಸೆರೆಯಲ್ಲಿ ಹತ್ತು ವರ್ಷ ಮೊದಲು, ಪೊಳ್ಳಿಲೂರು ಕಾಳಗದಲ್ಲಿ ಸಿಕ್ಕಿಬಿದ್ದ ಕರ್ನಲ್ ಬೇಲಿ ಪ್ರಾಣಬಿಟ್ಟಿದ್ದ. ಆ ಕಾಲದ ಒತ್ತೆಯಲ್ಲೂ ಹುಟ್ಟಿನಿಂದಲೇ ಬೆಲೆ ನಿರ್ಧಾರವಾಗುತ್ತಿತ್ತು. ದೊರೆಮಗನಿಗೆ ತೋಪಿನ ಸ್ವಾಗತ, ಸೆರೆಸಿಕ್ಕ ಸೈನಿಕನಿಗೆ ಕತ್ತಲಕೋಣೆ.

ಗೆದ್ದ ದೇಶಗಳೂ ಸೆರೆಯಾಳುಗಳನ್ನು ಮಾತುಕತೆಯ ಬಲವಾಗಿ ಬಳಸಿಕೊಂಡಿವೆ, ನಮ್ಮದೂ ಸೇರಿ. 1971ರ ಡಿಸೆಂಬರ್‌ನಲ್ಲಿ ಶರಣಾದ ಸುಮಾರು 93,000 ಪಾಕಿಸ್ತಾನಿಯರಲ್ಲಿ ಸೈನಿಕರ ಜೊತೆ ನಾಗರಿಕರೂ ಇದ್ದರು. ಶಿಮ್ಲಾ ಒಪ್ಪಂದವಾಗಿ, ದೆಹಲಿ ಒಪ್ಪಂದವಾಗಿ, ಅವರ ಮರಳಿಕೆ ಪೂರ್ತಿಯಾಗುವಾಗ 1974ರ ಏಪ್ರಿಲ್ ಬಂದಿತ್ತು. ಅವರನ್ನು ಚೆನ್ನಾಗಿ ನೋಡಿಕೊಂಡೆವೆಂಬ ಹೆಮ್ಮೆ ನಮಗಿದೆ, ಅದು ಸರಿಯೂ ಹೌದು. ಎರಡು ವರ್ಷಕ್ಕೂ ಹೆಚ್ಚು ಕಾಲ ಅವರ ಮನೆಯವರು ರಾಜತಾಂತ್ರಿಕರ ಮುಖ ನೋಡುತ್ತ ಕಾದರೆಂಬುದೂ ಅಷ್ಟೇ ನಿಜ.

ಇನ್ನೂ ನೇರವಾದ ಉದಾಹರಣೆ ಇಸ್ರೇಲಿನದು. 1986ರಲ್ಲಿ ಲೆಬನಾನ್‌ನಲ್ಲಿ ಸೆರೆಸಿಕ್ಕ ವಾಯುಪಡೆಯ ರಾನ್ ಅರಾದ್‌ನನ್ನು ಬಿಡಿಸಿಕೊಳ್ಳಲು ವಿನಿಮಯಕ್ಕೆ ಬೇಕಾಗಬಹುದೆಂದು ಇಸ್ರೇಲ್ ಕೆಲವು ಲೆಬನೀಸರನ್ನು ವರ್ಷಗಟ್ಟಲೆ ಬಂಧನದಲ್ಲಿಟ್ಟಿತ್ತು. ಅಲ್ಲಿನ ಸುಪ್ರೀಂ ಕೋರ್ಟ್ ಮೊದಲು ಅದನ್ನು ಒಪ್ಪಿತು. 2000ದ ಏಪ್ರಿಲ್‌ನಲ್ಲಿ ಮುಖ್ಯ ನ್ಯಾಯಮೂರ್ತಿ ಅಹರೋನ್ ಬರಾಕ್ ಅವರ ನೇತೃತ್ವದ ಪೀಠ ಆ ತೀರ್ಪನ್ನು ತಿರುಗಿಸಿ, ದೇಶದ ಭದ್ರತೆಗೆ ಸ್ವತಃ ಅಪಾಯವಲ್ಲದ ಮನುಷ್ಯನನ್ನು ಕೇವಲ ಚೌಕಾಸಿಗಾಗಿ ಹಿಡಿದಿಡುವಂತಿಲ್ಲ ಎಂದಿತು. ಯುದ್ಧದ ನಡುವೆಯೇ ಬದುಕುವ ದೇಶದ ನ್ಯಾಯಾಲಯ ಇಂಥ ಮಾತಾಡಿದ್ದಕ್ಕೆ ನನಗೆ ಬಹಳ ಗೌರವವಿದೆ. ಆದರೆ 2002ರಲ್ಲಿ ಸಂಸತ್ತು ಹೊಸ ಕಾನೂನು ಮಾಡಿ ಬಂಧನಕ್ಕೆ ಬೇರೆ ದಾರಿ ತೆರೆಯಿತು. 2023ರ ನಂತರ ಗಾಜಾದ ಸಾವಿರಾರು ಜನರನ್ನು ವಿಚಾರಣೆಯಿಲ್ಲದೆ ಇಟ್ಟದ್ದು ಅದೇ ಕಾನೂನಿನಡಿ.

ಸೈನಿಕರು ಒತ್ತೆಯಾಳುಗಳಾದಾಗ ನಮ್ಮ ಮನಸ್ಸು ಸ್ವಲ್ಪ ಗಟ್ಟಿಯಾಗುತ್ತದೆ. ಪ್ರಾಣ ಪಣಕ್ಕಿಟ್ಟು ಹೋದವರು ತಾನೇ ಎಂದುಕೊಳ್ಳುತ್ತೇವೆ. 1995ರ ಮೇ ಕೊನೆಯಲ್ಲಿ ನೇಟೊ ವಿಮಾನಗಳು ಬೋಸ್ನಿಯಾದ ಪಾಲೆ ಪಟ್ಟಣದ ಸುತ್ತ ಬಾಂಬು ಹಾಕಿದಾಗ ಅಲ್ಲಿನ ಸರ್ಬ್ ಪಡೆಗಳು ವಿಶ್ವಸಂಸ್ಥೆಯ ನೂರಾರು ಶಾಂತಿಪಾಲಕರನ್ನು ಹಿಡಿದವು. ಕೆಲವರನ್ನು ಮದ್ದುಗುಂಡಿನ ಕೋಠಿಯ ಬಳಿ ಕಂಬಕ್ಕೆ ಬೇಡಿ ಹಾಕಿ ಕಟ್ಟಿ ಟಿವಿಯಲ್ಲಿ ತೋರಿಸಿದರು. ಬಾಂಬು ಬಿದ್ದರೆ ಮೊದಲು ಸಾಯುವವರು ಅವರೇ. ಇಪ್ಪತ್ತೊಂದು ವರ್ಷಗಳ ನಂತರ ಆ ಸರ್ಬರ ನಾಯಕ ರಾದೊವಾನ್ ಕರಾಜಿಚ್‌ಗೆ ಶಿಕ್ಷೆಯಾದಾಗ ಆರೋಪಪಟ್ಟಿಯಲ್ಲಿ ಈ ಅಪರಾಧವೂ ಇತ್ತು. 2000ದಲ್ಲಿ ಸಿಯೆರಾ ಲಿಯೋನಿನ ಕೈಲಾಹುನ್‌ನಲ್ಲಿ ಬಂಡುಕೋರರು ವಿಶ್ವಸಂಸ್ಥೆಯ ಶಾಂತಿಪಡೆಯ 222 ಭಾರತೀಯ ಸೈನಿಕರನ್ನು ಎಪ್ಪತ್ತೈದು ದಿನ ಸುತ್ತುವರಿದು ಕೂಡಿಹಾಕಿದ್ದರು. ಜುಲೈ ನಡುವಿನಲ್ಲಿ ಸುರಿವ ಮಳೆಯಲ್ಲಿ ನಡೆದ ಆಪರೇಷನ್ ಖುಕ್ರಿ ಅವರನ್ನು ಹೊರತಂದಿತು. ಅಷ್ಟು ದೊಡ್ಡ ಘಟನೆಯ ಬಗ್ಗೆ ನಮ್ಮಲ್ಲಿ ಮಾತು ಬಹಳ ಕಡಿಮೆ.

ಕನ್ನಡ ನೆಲದ ಒಂದು ಪ್ರಸಂಗವನ್ನು ಇಲ್ಲಿ ನೆನೆಯಲೇಬೇಕು. 1965ರ ಯುದ್ಧದ ಕೊನೆಯಲ್ಲಿ ಕೊಡಗಿನ ಕೆ.ಸಿ. ಕಾರ್ಯಪ್ಪ ಅವರ ವಿಮಾನ ಪಾಕಿಸ್ತಾನದ ನೆಲದಲ್ಲಿ ಉರುಳಿ ಅವರು ಯುದ್ಧಕೈದಿಯಾದರು. ಅವರ ತಂದೆ ಜನರಲ್ ಕೆ.ಎಂ. ಕಾರ್ಯಪ್ಪ. ಪಾಕಿಸ್ತಾನದ ಅಧ್ಯಕ್ಷ ಅಯೂಬ್ ಖಾನ್ ದೇಶ ವಿಭಜನೆಗೆ ಮೊದಲು ಅವರ ಕೈಕೆಳಗೆ ಕೆಲಸ ಮಾಡಿದ್ದವರು. ಮಗನನ್ನು ಬಿಟ್ಟುಕೊಡುವ ಮಾತು ಅಯೂಬ್ ಕಡೆಯಿಂದ ಬಂದಾಗ ತಂದೆ ಒಪ್ಪಲಿಲ್ಲ. ಸೆರೆಯಲ್ಲಿರುವ ಭಾರತದ ಸೈನಿಕರೆಲ್ಲ ನನ್ನ ಮಕ್ಕಳೇ, ಬಿಡುವುದಾದರೆ ಎಲ್ಲರನ್ನೂ ಬಿಡಿ ಎಂಬುದು ಅವರ ನಿಲುವಾಗಿತ್ತು. ಈ ಕಥೆಯನ್ನು ನಾವು ದೇಶಪ್ರೇಮದ ಕಥೆಯಾಗಿ ಹೇಳಿಕೊಳ್ಳುತ್ತೇವೆ. ನನಗೆ ಅದರಲ್ಲಿ ಕಾಣುವುದು ಸಮಾನತೆಯ ಒಂದು ಕಠಿಣ ನಿಯಮ. ಅಪ್ಪ ಯಾರೆಂಬುದರ ಮೇಲೆ ಸೆರೆಯ ಬಾಗಿಲು ತೆರೆಯಬಾರದು.

ಆ ನಿಯಮವನ್ನು ಸರ್ಕಾರಗಳು ಪಾಲಿಸಿಲ್ಲ. 1989ರ ಡಿಸೆಂಬರ್‌ನಲ್ಲಿ ಕೇಂದ್ರ ಗೃಹಮಂತ್ರಿ ಮುಫ್ತಿ ಮೊಹಮ್ಮದ್ ಸಯೀದ್ ಅವರ ಮಗಳನ್ನು ಶ್ರೀನಗರದಲ್ಲಿ ಅಪಹರಿಸಿದಾಗ ಐದೇ ದಿನದಲ್ಲಿ ಐವರು ಉಗ್ರರು ಜೈಲಿನಿಂದ ಹೊರಬಂದರು. 1995ರಲ್ಲಿ ಪಹಲ್ಗಾಮ್ ಬಳಿ ಅಲ್ ಫರಾನ್ ಗುಂಪು ಆರು ವಿದೇಶಿ ಪ್ರವಾಸಿಗರನ್ನು ಒಯ್ದಿತು. ಒಬ್ಬ ತಪ್ಪಿಸಿಕೊಂಡ, ಒಬ್ಬನ ತಲೆ ಕಡಿದರು, ಉಳಿದ ನಾಲ್ವರ ಸುಳಿವು ಸಿಗಲೇ ಇಲ್ಲ. 1999ರ ಕೊನೆಯಲ್ಲಿ ಅಪಹರಣಕ್ಕೊಳಗಾದ ಐಸಿ 814 ವಿಮಾನ ಕಂದಹಾರ್‌ನಲ್ಲಿ ನಿಂತಾಗ ದೆಹಲಿಯಲ್ಲಿ ಪ್ರಯಾಣಿಕರ ಬಂಧುಗಳು ಬೀದಿಗಿಳಿದರು, ಕ್ಯಾಮೆರಾಗಳು ಅವರ ಮುಂದೆ ನಿಂತವು. ಡಿಸೆಂಬರ್ 31ರಂದು ಮಸೂದ್ ಅಜರ್ ಸೇರಿ ಮೂವರು ಉಗ್ರರನ್ನು ಬಿಟ್ಟುಕೊಡಲಾಯಿತು. ಅದರ ಫಲವಾಗಿ ಜೈಷ್-ಎ-ಮೊಹಮ್ಮದ್ ಹುಟ್ಟಿ ಮುಂದೆ ಎಷ್ಟು ಜೀವ ತೆಗೆಯಿತೆಂಬುದು ಎಲ್ಲರಿಗೂ ಗೊತ್ತು. ಆದರೂ ಆ ವಿಮಾನದಲ್ಲಿದ್ದವರ ಮನೆಯವರನ್ನು ದೂರುವುದು ನನ್ನಿಂದಾಗದು. ತಮ್ಮವರು ಬದುಕಲಿ ಎಂದು ಕೂಗುವುದು ಅವರ ಕೆಲಸ. ಕೂಗಲು ದನಿಯಿಲ್ಲದವರ ಪರವಾಗಿಯೂ ಅಷ್ಟೇ ಬೇಗ ಓಡುವುದು ಸರ್ಕಾರದ ಕೆಲಸ.

ನಮ್ಮ ರಾಜ್ಯ ಈ ಸಂಕಟವನ್ನು 2000ದಲ್ಲಿ 108 ದಿನ ಅನುಭವಿಸಿತು. ವೀರಪ್ಪನ್‌ನದು ಯುದ್ಧವಲ್ಲ. ಆದರೆ ಆ ಕಾಡುಗಳ್ಳ ನಡೆಸಿದ, ನಟ ಡಾ. ರಾಜಕುಮಾರ್ ಅವರ ಅಪಹರಣ ಎತ್ತಿದ ಕಾನೂನಿನ ಪ್ರಶ್ನೆ ಯುದ್ಧದಲ್ಲೂ ಅದೇ. ಬೇಡಿಕೆಗಳಲ್ಲಿ ಒಂದು, ಮೈಸೂರು ಜೈಲಿನಲ್ಲಿದ್ದ, ಭಯೋತ್ಪಾದನೆ ವಿರೋಧಿ ಟಾಡಾ ಕಾಯ್ದೆಯ ಬಂದಿಗಳ ಬಿಡುಗಡೆ. ಸರ್ಕಾರ ಮೊಕದ್ದಮೆ ಹಿಂತೆಗೆದುಕೊಳ್ಳಲು ಹೊರಟಿತು. 1992ರ ಆಗಸ್ಟ್‌ನಲ್ಲಿ ಮೀಣ್ಯಂ ಬಳಿ ವೀರಪ್ಪನ್ ತಂಡ ಕೊಂದ ಸಬ್‌ಇನ್ಸ್‌ಪೆಕ್ಟರ್ ಶಕೀಲ್ ಅಹಮದ್ ಅವರ ವೃದ್ಧ ತಂದೆ ಸುಪ್ರೀಂ ಕೋರ್ಟಿನ ಮೆಟ್ಟಿಲು ಹತ್ತಿದರು. ನವೆಂಬರ್‌ನಲ್ಲಿ ಕೋರ್ಟ್ ಆ ಹಿಂತೆಗೆತವನ್ನು ರದ್ದುಪಡಿಸಿತು. ಪ್ರಾಸಿಕ್ಯೂಟರ್ ಸ್ವಂತ ವಿವೇಚನೆ ಬಳಸಬೇಕೇ ಹೊರತು ಸರ್ಕಾರ ಹೇಳಿದಂತೆ ಅರ್ಜಿ ಹಾಕುವಂತಿಲ್ಲ ಎಂದಿತು. ಅಣ್ಣಾವ್ರು ಮರಳಲಿ ಎಂದು ಇಡೀ ನಾಡು ಹರಕೆ ಹೊತ್ತಿದ್ದಾಗ ಮಗನನ್ನು ಕಳೆದುಕೊಂಡ ಒಬ್ಬ ತಂದೆ ಹಾಗೆ ನಿಂತದ್ದು ಸಣ್ಣ ಸಂಗತಿಯಲ್ಲ. ಆ ದಿನಗಳಲ್ಲಿ ಅವರ ದುಃಖಕ್ಕೆ ನಾವು ಕೊಡಬೇಕಾದಷ್ಟು ಗೌರವ ಕೊಡಲಿಲ್ಲ.

ಇನ್ನೊಂದು ಬದಿಯೂ ಇದೆ. ಆ ಟಾಡಾ ಬಂದಿಗಳು ಯಾರು? ಹೆಚ್ಚಿನವರು ಕಾಡಂಚಿನ ಹಳ್ಳಿಗಳ ಬಡವರು, ಹೆಂಗಸರೂ ಅವರಲ್ಲಿದ್ದರು. ವಿಚಾರಣೆ ಮುಗಿಯದೆ ವರ್ಷಗಟ್ಟಲೆ ಒಳಗಿದ್ದವರು. 2001ರಲ್ಲಿ ವಿಶೇಷ ನ್ಯಾಯಾಲಯ ಅವರಲ್ಲಿ ಬಹುತೇಕರನ್ನು ನಿರ್ದೋಷಿಗಳೆಂದು ಬಿಟ್ಟಿತು. ಅಂದರೆ ಅವರ ವಿಚಾರಣೆ ಸಕಾಲಕ್ಕೆ ನಡೆದಿದ್ದರೆ ವೀರಪ್ಪನ್‌ಗೆ ಕೇಳಲು ಆ ಬೇಡಿಕೆಯೇ ಇರುತ್ತಿರಲಿಲ್ಲ. ಹಾಗೆಯೇ, ರಾಜಕುಮಾರ್ ಜೊತೆ ಇನ್ನೂ ಮೂವರನ್ನು ಒಯ್ದಿದ್ದರು. ಅವರ ಹೆಸರು ಹೇಳಿ ಎಂದರೆ ಇವತ್ತು ತಡವರಿಸುವವರೇ ಹೆಚ್ಚು.

ಛತ್ತೀಸಗಢದಲ್ಲೂ ಇದೇ ಎಳೆ ಕಾಣುತ್ತದೆ. 2012ರ ಏಪ್ರಿಲ್‌ನಲ್ಲಿ ಸುಕ್ಮಾ ಜಿಲ್ಲಾಧಿಕಾರಿ ಅಲೆಕ್ಸ್ ಪಾಲ್ ಮೆನನ್ ಅವರನ್ನು ಮಾವೋವಾದಿಗಳು ಹಿಡಿದುಕೊಂಡು ಹೋದರು. ಅಂಗರಕ್ಷಕರಿಬ್ಬರನ್ನು ಅಲ್ಲೇ ಕೊಂದರು. ಮಧ್ಯಸ್ಥರಾದ ಬಿ.ಡಿ. ಶರ್ಮಾ, ಪ್ರೊ. ಹರಗೋಪಾಲ್ ಕಾಡಿಗೆ ಹೋಗಿ ಬಂದು ಮಾತುಕತೆ ನಡೆಸಿದರು. ಹನ್ನೆರಡು ದಿನಕ್ಕೆ ಜಿಲ್ಲಾಧಿಕಾರಿ ಹೊರಬಂದರು, ಜೈಲುಗಳಲ್ಲಿದ್ದ ಆದಿವಾಸಿಗಳ ಪ್ರಕರಣ ಪರಿಶೀಲಿಸಲು ನಿರ್ಮಲಾ ಬುಚ್ ಸಮಿತಿ ರಚನೆಯಾಯಿತು. ಸರ್ಕಾರ ತಾನಾಗಿ ಮಾಡಬೇಕಿದ್ದ ಕೆಲಸಕ್ಕೆ ಒಬ್ಬ ಅಧಿಕಾರಿಯ ಅಪಹರಣ ಬೇಕಾಯಿತು. 2021ರ ಏಪ್ರಿಲ್‌ನಲ್ಲಿ 22 ಜವಾನರು ಸತ್ತ ಹೊಂಚುದಾಳಿಯಲ್ಲಿ ಸೆರೆಸಿಕ್ಕ ಒಬ್ಬ ಸಿಆರ್‌ಪಿಎಫ್ ಕಮಾಂಡೊನನ್ನು ಬಿಡಿಸಿದ್ದು ಸೈನ್ಯವಲ್ಲ. ಬಸ್ತರ್‌ನ ಹುಡುಗಿಯರಿಗಾಗಿ ಆಶ್ರಮಶಾಲೆಗಳನ್ನು ಕಟ್ಟಿದ್ದ, ತೊಂಬತ್ತು ದಾಟಿದ ವಿನೋಬಾ ಶಿಷ್ಯ ಧರ್ಮಪಾಲ್ ಸೈನಿ ಮತ್ತು ಅವರ ಸಂಗಡ ಹೋದ ಕೆಲವರು. ನೂರಾರು ಹಳ್ಳಿಗರ ಎದುರಿಗೆ ಹಗ್ಗ ಬಿಚ್ಚಿ ಜವಾನನನ್ನು ಅವರ ಕೈಗೊಪ್ಪಿಸಿದರು. ಎರಡೂ ಕಡೆಯವರು ನಂಬುವ ಇಂಥ ಮನುಷ್ಯರು ಒಂದು ಊರಿನಲ್ಲಿ ಉಳಿದಿರುವುದೇ ದೊಡ್ಡ ಆಸ್ತಿ. ಅವರನ್ನು ಅನುಮಾನದಿಂದ ನೋಡುವ ಚಾಳಿಯನ್ನು ನಾವು ಬಿಡಬೇಕು.

ಆ ನಂಬಿಕೆ ಎಷ್ಟು ಸುಲಭವಾಗಿ ಹಾಳಾಗುತ್ತದೆ ಎಂಬುದಕ್ಕೆ ಕೊಲಂಬಿಯಾ ನೋಡಬೇಕು. 2008ರ ಜುಲೈ 2ರಂದು ಅಲ್ಲಿನ ಸೈನ್ಯ ಮಾನವೀಯ ಸಂಸ್ಥೆಯವರಂತೆ ವೇಷ ಹಾಕಿ, ಹೆಲಿಕಾಪ್ಟರ್ ಇಳಿಸಿ, ಫಾರ್ಕ್ ಎಂಬ ಬಂಡುಕೋರ ಸಂಘಟನೆಯ ಸೆರೆಯಲ್ಲಿದ್ದ ರಾಜಕಾರಣಿ ಇಂಗ್ರಿಡ್ ಬೆತಾನ್‌ಕೂರ್ ಸೇರಿ ಹದಿನೈದು ಒತ್ತೆಯಾಳುಗಳನ್ನು ಒಂದೂ ಗುಂಡು ಹಾರಿಸದೆ ಬಿಡಿಸಿತು. ಜಗತ್ತೇ ಮೆಚ್ಚಿತು. ಸೈನಿಕನೊಬ್ಬ ರೆಡ್‌ಕ್ರಾಸ್ ಚಿಹ್ನೆ ಧರಿಸಿದ್ದ ಎಂದು ಆಮೇಲೆ ಅಧ್ಯಕ್ಷ ಉರಿಬೆ ಒಪ್ಪಿಕೊಳ್ಳಬೇಕಾಯಿತು. ಮುಂದಿನ ಸಲ ನಿಜವಾದ ರೆಡ್‌ಕ್ರಾಸ್ ಕಾರ್ಯಕರ್ತ ಕಾಡಿಗೆ ಹೋದಾಗ ಅವನನ್ನು ನಂಬುವವರು ಯಾರು?

ಕೊಲಂಬಿಯಾದ ಅನುಭವ ಬೇರೆಲ್ಲ ದೇಶಗಳಿಗಿಂತ ಆಳವಾದದ್ದು. ಫಾರ್ಕ್ ಗೆರಿಲ್ಲಾಗಳು ಸಿರಿವಂತರನ್ನು ಹಣಕ್ಕಾಗಿ, ಸೈನಿಕರನ್ನೂ ಪೊಲೀಸರನ್ನೂ ವಿನಿಮಯಕ್ಕಾಗಿ ಹಿಡಿಯುತ್ತಿದ್ದರು. ಕಾಡಿನ ನಡುವೆ ಮುಳ್ಳುತಂತಿಯ ಕೊಟ್ಟಿಗೆಗಳು, ಕುತ್ತಿಗೆಗೆ ಸರಪಳಿ. ಕರಕೋಲ್ ರೇಡಿಯೊದಲ್ಲಿ ಎರ್ಬಿನ್ ಓಯೊಸ್ ಎಂಬ ಪತ್ರಕರ್ತ 1994ರಿಂದ ಒಂದು ಕಾರ್ಯಕ್ರಮ ನಡೆಸಿದ. ವಾರಾಂತ್ಯದ ನಡುರಾತ್ರಿಯಿಂದ ಬೆಳಗಿನವರೆಗೆ ಒತ್ತೆಯಾಳುಗಳ ಮನೆಯವರು ಮೈಕಿನ ಮುಂದೆ ಕೂತು ಮಾತಾಡುತ್ತಿದ್ದರು. ಮಗ ಶಾಲೆಗೆ ಸೇರಿದ, ಅಜ್ಜಿ ತೀರಿಕೊಂಡಳು, ಬಾಗಿಲಿಗೆ ಬಣ್ಣ ಬಳಿಸಿದೆವು. ಕೇಳುವವನು ಬದುಕಿದ್ದಾನೋ ಇಲ್ಲವೋ ಗೊತ್ತಿಲ್ಲದೆ ಹೇಳುವ ಮನೆಮಾತುಗಳು. ಸಣ್ಣ ಟ್ರಾನ್ಸಿಸ್ಟರ್ ಕಿವಿಗೊತ್ತಿಕೊಂಡು ಆ ಮಾತು ಕೇಳಿಯೇ ಬದುಕುಳಿದೆವು ಎಂದು ಹೊರಬಂದವರು ಹಲವರು ಹೇಳಿದ್ದಾರೆ. 1997ರ ಕೊನೆಯಲ್ಲಿ ಸೆರೆಸಿಕ್ಕ ಒಬ್ಬ ಕಾರ್ಪೊರಲ್‌ನ ತಂದೆ ಗುಸ್ತಾವೊ ಮೊಂಕಾಯೊ ಎಂಬ ಶಾಲಾ ಮೇಷ್ಟ್ರು. ಆತ ಕುತ್ತಿಗೆಗೆ ಸರಪಳಿ ಹಾಕಿಕೊಂಡು 2007ರಲ್ಲಿ ದೇಶದ ದಕ್ಷಿಣದಿಂದ ಬೊಗೊಟಾದವರೆಗೆ ನಡೆದು ಬಂದ. ಮಗ ಮನೆಗೆ ಬಂದದ್ದು 2010ರಲ್ಲಿ, ಹನ್ನೆರಡು ವರ್ಷದ ಮೇಲೆ.

ಫಾರ್ಕ್ ಜೊತೆಗಿನ ಶಾಂತಿ ಒಪ್ಪಂದದ ನಂತರ ರಚನೆಯಾದ ವಿಶೇಷ ನ್ಯಾಯಾಲಯ 21,396 ಜನ ಫಾರ್ಕ್‌ನ ಅಪಹರಣಕ್ಕೆ ತುತ್ತಾದರೆಂದು ಲೆಕ್ಕಹಾಕಿತು. 2022ರ ಜೂನ್‌ನಲ್ಲಿ ಫಾರ್ಕ್‌ನ ಮಾಜಿ ಮುಖಂಡರು ಬದುಕುಳಿದವರ ಎದುರು ಕೂತು ತಪ್ಪೊಪ್ಪಿಕೊಂಡರು. 2025ರ ಸೆಪ್ಟೆಂಬರ್‌ನಲ್ಲಿ ಏಳು ಜನರಿಗೆ ಎಂಟು ವರ್ಷಗಳ ಪರಿಹಾರಾತ್ಮಕ ಶಿಕ್ಷೆ ವಿಧಿಸಲಾಯಿತು. ಜೈಲಿಲ್ಲ, ಸಮಾಜಸೇವೆಯ ಕೆಲಸ. ಇದು ಸಾಲದೆಂದು ಸಂತ್ರಸ್ತರಲ್ಲಿ ಅನೇಕರು ಸಿಟ್ಟಾಗಿದ್ದಾರೆ, ಆ ಸಿಟ್ಟು ನ್ಯಾಯವಾದದ್ದು. ಹಾಗಿದ್ದರೂ, ಒತ್ತೆ ಹಿಡಿದವರೇ ಬಾಯಿಬಿಟ್ಟು ಒಪ್ಪಿಕೊಳ್ಳುವಂತೆ ಮಾಡಿದ ದೇಶಗಳು ಬೇರೆ ನನಗೆ ಕಾಣುವುದಿಲ್ಲ.

2023ರ ಅಕ್ಟೋಬರ್ 7ರಂದು ಹಮಾಸ್ ಮತ್ತು ಅದರ ಜೊತೆಗಿದ್ದವರು ಸುಮಾರು 1,200 ಜನರನ್ನು ಕೊಂದು 251 ಜನರನ್ನು ಗಾಜಾಕ್ಕೆ ಒಯ್ದರು. ಹಸುಗೂಸಿನಿಂದ ಎಂಬತ್ತು ದಾಟಿದವರವರೆಗೆ, ಸೈನಿಕರು, ರೈತರು, ಹಾಡುಕುಣಿತದ ಹಬ್ಬಕ್ಕೆ ಬಂದ ಯುವಜನ. ಇಸ್ರೇಲ್ ಹಿಂದೆ 2011ರಲ್ಲಿ ಗಿಲಾದ್ ಶಾಲಿತ್ ಎಂಬ ಒಬ್ಬ ಸೈನಿಕನಿಗಾಗಿ 1,027 ಕೈದಿಗಳನ್ನು ಬಿಟ್ಟಿತ್ತು. ಅವರಲ್ಲಿ ಒಬ್ಬ ಯಾಹ್ಯಾ ಸಿನ್ವರ್, ಅಕ್ಟೋಬರ್ 7ರ ದಾಳಿಯ ರೂವಾರಿ. 2025ರ ಜನವರಿಯ ಒಪ್ಪಂದದಲ್ಲಿ ಒಬ್ಬ ನಾಗರಿಕ ಮಹಿಳೆಗೆ 30 ಕೈದಿಗಳು, ಒಬ್ಬ ಸೈನಿಕ ಯುವತಿಗೆ 50 ಎಂದು ಲೆಕ್ಕ ಬರೆದರು. ಅದನ್ನು ಓದಿದಾಗ ಮೈ ಜುಮ್ಮೆಂದಿತ್ತು. ಬದುಕಿದ್ದ ಕೊನೆಯ 20 ಜನ 2025ರ ಅಕ್ಟೋಬರ್ 13ರಂದು ಮರಳಿದರು, ಸುಮಾರು 2,000 ಪ್ಯಾಲೆಸ್ಟೀನಿಯರ ಬಿಡುಗಡೆಯೂ ಆಯಿತು. ಅಷ್ಟರೊಳಗೆ ಗಾಜಾದಲ್ಲಿ ಹತ್ತಾರು ಸಾವಿರ ಜನ ಸತ್ತಿದ್ದರು. ಒತ್ತೆಯಾಳುಗಳಲ್ಲಿ ಹೆಚ್ಚಿನವರನ್ನು ಮನೆ ಸೇರಿಸಿದ್ದು ಮಾತುಕತೆ. ಸೈನಿಕ ಕಾರ್ಯಾಚರಣೆ ಬಿಡಿಸಿದವರು ಬೆರಳೆಣಿಕೆಯಷ್ಟು. 2023ರ ಡಿಸೆಂಬರ್‌ನಲ್ಲಿ ಶುಜಾಯಿಯಾದಲ್ಲಿ ಮೂವರು ಹೇಗೋ ತಪ್ಪಿಸಿಕೊಂಡು, ಅಂಗಿ ಕಳಚಿ, ಕೋಲಿಗೆ ಬಿಳಿ ಬಟ್ಟೆ ಕಟ್ಟಿ ಹಿಡಿದು ಬಂದಿದ್ದರು. ತಮ್ಮದೇ ಸೈನ್ಯದ ಗುಂಡಿಗೆ ಸತ್ತರು.

ಗಾಜಾಕ್ಕೆ ಒಯ್ದವರ ಪಟ್ಟಿಯಲ್ಲಿ ಥಾಯ್ಲೆಂಡಿನ 31 ಕೃಷಿ ಕೂಲಿಗಳಿದ್ದರು. ಥಾಯ್ ಸಂಸತ್ತಿನ ಕಡೆಯಿಂದ ಮುಸ್ಲಿಂ ರಾಜಕಾರಣಿಗಳ ಒಂದು ತಂಡ ಟೆಹರಾನಿಗೇ ಹೋಗಿ ಹಮಾಸ್ ಪ್ರತಿನಿಧಿಗಳ ಜೊತೆ ಮಾತಾಡಿತು. ಮೊದಲ ಕದನವಿರಾಮದಲ್ಲೇ 23 ಥಾಯ್ ಕೂಲಿಗಳು ಹೊರಬಂದರು. ಬಡ ಕೂಲಿಗಳಿಗಾಗಿ ದೇಶವೊಂದು ಇಷ್ಟು ಓಡಾಡಿದ ಉದಾಹರಣೆ ನನಗೆ ತುಂಬ ಮುಖ್ಯವೆನಿಸುತ್ತದೆ. ಕೃಷಿ ಕಲಿಯಲು ಇಸ್ರೇಲಿಗೆ ಹೋಗಿ ಒತ್ತೆಯಾಳಾದ ನೇಪಾಳಿ ವಿದ್ಯಾರ್ಥಿಯೊಬ್ಬನ ಮನೆಗೆ ಎರಡು ವರ್ಷದ ನಂತರ ಶವವಷ್ಟೇ ಬಂತು.

ಒತ್ತೆಯಾಳುಗಳನ್ನು ಎಲ್ಲೋ ದೂರ ಒಯ್ಯಬೇಕೆಂದೇನೂ ಇಲ್ಲ. ಉಕ್ರೇನಿನ ಯಾಹಿದ್ನೆ ಎಂಬ ಪುಟ್ಟ ಹಳ್ಳಿಯಲ್ಲಿ 2022ರ ಮಾರ್ಚ್ ತಿಂಗಳ ಹೆಚ್ಚುಕಡಿಮೆ ಪೂರ್ತಿ ಊರಿನ 350ಕ್ಕೂ ಹೆಚ್ಚು ಜನರನ್ನು ರಷ್ಯಾ ಸೈನಿಕರು ಶಾಲೆಯ ನೆಲಮಾಳಿಗೆಯಲ್ಲಿ ಕೂಡಿಹಾಕಿದರು, ಮೇಲಿನ ಕೋಣೆಗಳಲ್ಲಿ ತಮ್ಮ ಠಾಣ್ಯ ಹೂಡಿದರು. ಕೆಳಗೆ ಕಾಲು ಚಾಚಲು ಜಾಗವಿರಲಿಲ್ಲ, ಗಾಳಿ ಇರಲಿಲ್ಲ. ವಯಸ್ಸಾದವರು ಉಸಿರು ಕಟ್ಟಿ ಸತ್ತರು. ಬಾಗಿಲಿನ ಪಕ್ಕದ ಗೋಡೆಯಲ್ಲಿ ಜನ ಮಸಿಯಿಂದ ಕ್ಯಾಲೆಂಡರ್ ಬರೆದರು. ಬಾಗಿಲಿನ ಒಂದು ಬದಿಗೆ ಸೈನಿಕರು ಕೊಂದವರ ಹೆಸರು, ಇನ್ನೊಂದು ಬದಿಗೆ ನೆಲಮಾಳಿಗೆಯಲ್ಲಿ ಸತ್ತವರ ಹೆಸರು. ಅಲ್ಲಿ ಯಾರೂ ಹಣ ಕೇಳಲಿಲ್ಲ, ಕೈದಿಗಳನ್ನು ಕೇಳಲಿಲ್ಲ. ಮೇಲಿದ್ದವರ ಮೇಲೆ ಗುಂಡು ಬೀಳದಿರಲಿ ಎಂಬುದಕ್ಕೆ ಇಡೀ ಊರನ್ನೇ ಗುರಾಣಿ ಮಾಡಿದ್ದರು.

ಹಣದ ಲೆಕ್ಕವನ್ನೂ ನೋಡಬೇಕು. ಸಹಾರಾ ಮರುಭೂಮಿಯ ಸುತ್ತಿನ ದೇಶಗಳಲ್ಲಿ ಅಲ್‌ಖೈದಾ ಗುಂಪುಗಳು ಯುರೋಪಿಯನ್ನರನ್ನು ಹಿಡಿದು ಕೋಟಿಗಟ್ಟಲೆ ಗಳಿಸಿದವು. 2014ರ ಜನವರಿಯಲ್ಲಿ ಭದ್ರತಾ ಮಂಡಳಿ ಹಣ ಕೊಡಬೇಡಿ ಎಂದು ನಿರ್ಣಯ ಮಾಡಿತು. ಅದೇ ವರ್ಷ ಸಿರಿಯಾದಲ್ಲಿ ಐಸಿಸ್‌ನ ಒಂದೇ ಸೆರೆಮನೆಯಲ್ಲಿದ್ದ ಯುರೋಪಿನ ಹಲವರು ಹೊರಬಂದರು, ಅಮೆರಿಕದ ಪತ್ರಕರ್ತ ಜೇಮ್ಸ್ ಫೋಲಿಯ ತಲೆ ಕಡಿದರು. ಹಣ ಕೊಟ್ಟರೆ ಮುಂದಿನ ಅಪಹರಣಕ್ಕೆ ದಾರಿ, ಕೊಡದಿದ್ದರೆ ಇವತ್ತಿನ ಸಾವು. ಇದಕ್ಕೆ ಸುಲಭದ ಉತ್ತರವಿದೆ ಎನ್ನುವವರನ್ನು ನಾನು ನಂಬುವುದಿಲ್ಲ. ಫೋಲಿಯ ತಾಯಿ ಡಯಾನ್ ಫೋಲಿ ಕೇಳಿದ ಪ್ರಶ್ನೆ ಬೇರೆ. ಮಗನ ವಿಷಯದಲ್ಲಿ ಸರ್ಕಾರ ನಮಗೆ ಏನೂ ಹೇಳಲಿಲ್ಲ, ಹಣ ಕೂಡಿಸಿದರೆ ಕೇಸು ಹಾಕುತ್ತೇವೆಂದು ಹೆದರಿಸಿತು ಎಂದರು ಆಕೆ. ಆ ಒತ್ತಡದಿಂದ 2015ರ ಜೂನ್‌ನಲ್ಲಿ ಅಮೆರಿಕ ತನ್ನ ನೀತಿ ಬದಲಿಸಿತು. ಮನೆಯವರ ಮೇಲೆ ಮೊಕದ್ದಮೆ ಹೂಡುವುದಿಲ್ಲ ಎಂದಿತು, ಎಲ್ಲ ಇಲಾಖೆಗಳೂ ಒಟ್ಟಿಗೆ ಕೂರುವ ಒಂದು ಕೇಂದ್ರ ತೆರೆಯಿತು, ಕುಟುಂಬಗಳ ಸಂಪರ್ಕಕ್ಕೇ ಒಬ್ಬ ಅಧಿಕಾರಿಯನ್ನು ನೇಮಿಸಿತು.

ನಮ್ಮಲ್ಲಿ? 2014ರ ಜೂನ್‌ನಲ್ಲಿ ಮೊಸೂಲ್‌ನಲ್ಲಿ ಕಟ್ಟಡ ಕೆಲಸಕ್ಕಿದ್ದ 39 ಭಾರತೀಯರನ್ನು ಐಸಿಸ್ ಹಿಡಿಯಿತು. ಹೆಚ್ಚಿನವರು ಪಂಜಾಬಿನ ಹಳ್ಳಿಗಳಿಂದ ಸಾಲ ಮಾಡಿ ಹೋದವರು. ತಪ್ಪಿಸಿಕೊಂಡು ಬಂದ ಇನ್ನೊಬ್ಬ ಕಾರ್ಮಿಕ ಎಲ್ಲರನ್ನೂ ಕೊಂದರು ಎಂದು ಹೇಳಿದರೂ, ಅವರು ಬದುಕಿದ್ದಾರೆಂಬ ಮಾಹಿತಿ ಇದೆ ಎಂದೇ ಸರ್ಕಾರ ಮನೆಯವರಿಗೆ ಹೇಳುತ್ತ ಬಂತು. ಬಾದೂಶ್ ಬಳಿಯ ಸಾಮೂಹಿಕ ಗೋರಿ ಅಗೆದು, ಡಿಎನ್‌ಎ ಹೊಂದಿಸಿ, 2018ರ ಮಾರ್ಚ್ 20ರಂದು ರಾಜ್ಯಸಭೆಯಲ್ಲಿ ಸಾವನ್ನು ಘೋಷಿಸಲಾಯಿತು. ಹಲವು ಮನೆಗಳಿಗೆ ಸುದ್ದಿ ತಲುಪಿದ್ದು ಟಿವಿಯಿಂದ. ಗೋರಿಯನ್ನು ಹುಡುಕಿ ಶವಗಳನ್ನು ಊರಿಗೆ ತಂದ ಅಧಿಕಾರಿಗಳ ಶ್ರಮ ದೊಡ್ಡದು, ಅದನ್ನು ಅಲ್ಲಗಳೆಯುವುದಿಲ್ಲ. ಆದರೆ ನಾಲ್ಕು ವರ್ಷ ಆ ತಾಯಂದಿರು ಯಾರನ್ನು ಕೇಳಬೇಕಿತ್ತು?

ಬೇಡಿಕೆಗಾಗಿ ಒತ್ತೆ ಹಿಡಿಯುವವರನ್ನು ಶಿಕ್ಷಿಸುವ ಕಲಮು ನಮ್ಮ ದಂಡಸಂಹಿತೆಗೆ 1993ರಲ್ಲೇ ಸೇರಿತ್ತು, 2024ರಿಂದ ಅದು ಭಾರತೀಯ ನ್ಯಾಯ ಸಂಹಿತೆಯಲ್ಲಿದೆ, 2016ರ ವಿಮಾನ ಅಪಹರಣ ಕಾಯ್ದೆಯಲ್ಲಿ ಮರಣದಂಡನೆಯೂ ಇದೆ. ಮನೆಯವರ ಕಡೆಯಿಂದ ನೋಡಿ ಬರೆದ ಒಂದು ಸಾಲೂ ಅವುಗಳಲ್ಲಿಲ್ಲ. ವಿದೇಶದಲ್ಲಾಗಲಿ ಬಸ್ತರ್‌ನಲ್ಲಾಗಲಿ ಯಾರೇ ಒತ್ತೆಯಾಳಾದರೂ ಆ ಮನೆಗೆ ಹೆಸರು ಗೊತ್ತಿರುವ ಒಬ್ಬ ಅಧಿಕಾರಿ ಇರಬೇಕು. ನಿಗದಿತ ಅವಧಿಗೊಮ್ಮೆ, ಸುದ್ದಿ ಇಲ್ಲದಿದ್ದರೆ ಇಲ್ಲವೆಂದೇ, ಅವರದೇ ಭಾಷೆಯಲ್ಲಿ ಅವನು ತಿಳಿಸಬೇಕು. ಕೆಟ್ಟ ಸುದ್ದಿ ಸಂಸತ್ತಿಗಿಂತ ಮೊದಲು ಮನೆಗೆ ಮುಟ್ಟಬೇಕು. ಜಿಲ್ಲಾಧಿಕಾರಿಗೂ ಅವನ ಅಂಗರಕ್ಷಕನಿಗೂ, ಪ್ರಾಧ್ಯಾಪಕನಿಗೂ ಗಾರೆ ಕೆಲಸದವನಿಗೂ ಒಂದೇ ನಿಯಮವಿರಬೇಕು. ಇದಕ್ಕೆ ಹೊಸ ಕಾನೂನು ಬರುವವರೆಗೆ ಕಾಯಬೇಕಿಲ್ಲ, ವಿದೇಶಾಂಗ ಮತ್ತು ಗೃಹ ಸಚಿವಾಲಯಗಳ ಒಂದು ಸುತ್ತೋಲೆಯಿಂದಲೇ ಶುರುಮಾಡಬಹುದು.